ಸಲ್ಲಾನೆ: ಕಳೆದುಹೋದ ಮಂದ್ರ ಹುಡುಕಿಕೊಂಡು ಹೊರಟ ಇರಾನಿನ ವಾದ್ಯ

ಇವತ್ತಿನ ಕಂತಿನಲ್ಲಿ ಒಂದು ವಾದ್ಯದ ಕತೆ. ಅದರ ಹೆಸರು ಸಲ್ಲಾನೆ. ಇರಾನ್ ದೇಶದ್ದು. ವಯಸ್ಸಿನಲ್ಲಿ ತೀರಾ ಚಿಕ್ಕದು, ಆದರೆ ಅದರ ವಂಶಾವಳಿ ಹುಡುಕುತ್ತಾ ಹೋದರೆ ಸಾವಿರದ ನಾನೂರು ವರ್ಷ ಹಿಂದಕ್ಕೆ ಹೋಗಬೇಕಾಗುತ್ತದೆ.

ನಾನು ಇದನ್ನು ಮೊದಲ ಸಲ ಕೇಳಿದ್ದು ಒಂದು ರಾತ್ರಿ, ಇಯರ್‌ಫೋನ್ ಹಾಕಿಕೊಂಡು. ಯಾವ ವಾದ್ಯ, ಯಾರು ನುಡಿಸ್ತಿದಾರೆ ಅಂತ ನೋಡಿರಲೇ ಇಲ್ಲ. ಮೊದಲ ಮೀಟು ಕೇಳಿದಾಗ ಸರೋದ್ ಇರಬೇಕು ಅನ್ನಿಸಿತು, ಅಷ್ಟು ಕೆಳಗಿನ ನಾದ. ಎರಡು ನಿಮಿಷ ಆದ ಮೇಲೆ ಹಿಂದೆ ತೆಳ್ಳಗೆ ಗುಂಯ್‌ಗುಡುವ ಸದ್ದು ಕೇಳಿ, ಅಲ್ಲ ಅಲ್ಲ, ಸಿತಾರ್ ಅಂದುಕೊಂಡೆ. ಆದರೆ ಸ್ವರಗಳು ಎರಡಕ್ಕೂ ಹೊಂದುತ್ತಿರಲಿಲ್ಲ. ಹಾರ್ಮೋನಿಯಂನ ಎರಡು ಮನೆಗಳ ನಡುವೆ ಎಲ್ಲೋ ನಿಲ್ಲುವ ಸ್ವರಗಳು. ಆಗ ಫೋನ್ ತೆಗೆದು ಹೆಸರು ನೋಡಿದೆ. ನುಡಿಸುತ್ತಿದ್ದವರು ಹೊಸೇನ್ ಅಲಿಜಾದೆ.

ಈ ಹೆಸರು ನಿಮ್ಮಲ್ಲಿ ಕೆಲವರಿಗಾದರೂ ಗೊತ್ತಿರುತ್ತದೆ. 'ಗಬ್ಬೆ', 'ಟರ್ಟಲ್ಸ್ ಕ್ಯಾನ್ ಫ್ಲೈ' ಇಂಥ ಇರಾನಿ ಸಿನಿಮಾಗಳನ್ನು ನೋಡಿದ್ದರೆ ಅವರ ಸಂಗೀತ ನಿಮ್ಮ ಕಿವಿಗೆ ಬಿದ್ದಿರುತ್ತದೆ. 1951ರಲ್ಲಿ ತೆಹ್ರಾನ್‌ನಲ್ಲಿ ಹುಟ್ಟಿದವರು. ತಾರ್ ಮತ್ತು ಸೆತಾರ್ ಎಂಬ ಎರಡು ಶಾಸ್ತ್ರೀಯ ವಾದ್ಯಗಳಲ್ಲಿ ದೊಡ್ಡ ಹೆಸರು. ಹಾಗಾದರೆ ಪ್ರಶ್ನೆ ಇದು: ಎರಡು ವಾದ್ಯಗಳಲ್ಲಿ ಪಳಗಿದ ಕಲಾವಿದ ಮೂರನೆಯದೊಂದನ್ನು ಹೊಸದಾಗಿ ಯಾಕೆ ಮಾಡಿಸಿಕೊಳ್ಳಬೇಕು? ಇದ್ದುದರಲ್ಲಿ ಏನು ಕಡಿಮೆಯಾಗಿತ್ತು?

ಇದಕ್ಕೆ ಉತ್ತರ ಸಿಗಬೇಕಾದರೆ ಆ ಎರಡು ವಾದ್ಯಗಳನ್ನು ಸ್ವಲ್ಪ ನೋಡಬೇಕು.

ತಾರ್ ಅಂದರೆ ಪರ್ಷಿಯನ್ ಭಾಷೆಯಲ್ಲಿ ತಂತಿ. ಆ ವಾದ್ಯದ ಒಡಲು ಹಿಪ್ಪುನೇರಳೆ ಮರದ್ದು. ಒಂದು ದೊಡ್ಡ ಬೋಗುಣಿ, ಅದಕ್ಕೆ ಅಂಟಿಕೊಂಡ ಒಂದು ಸಣ್ಣ ಬೋಗುಣಿ, ಮೇಲಿನಿಂದ ನೋಡಿದರೆ ಕನ್ನಡದ ಎಂಟು ಅಲ್ಲ, ಇಂಗ್ಲಿಷಿನ 8ರ ಆಕಾರ. ಮೇಲೆ ಕುರಿಮರಿಯ ತೆಳು ಚರ್ಮ ಬಿಗಿದಿರುತ್ತಾರೆ. ಆರು ತಂತಿ, ಎರಡೆರಡು ಜೋಡಿಯಾಗಿ. ಹಿತ್ತಾಳೆಯ ಚಿಕ್ಕ ಮಿಜ್‌ರಾಬ್‌ಗೆ ಜೇನುಮೇಣ ಮೆತ್ತಿ, ಅದನ್ನು ಬೆರಳುಗಳಲ್ಲಿ ಹಿಡಿದು ಮೀಟುತ್ತಾರೆ. ನಾದ ಚುರುಕು, ಹೊಳಪು, ಸಭಾಂಗಣದ ಕೊನೆಯವರೆಗೆ ಹೋಗುತ್ತದೆ.

ಸೆತಾರ್ ಇದಕ್ಕೆ ವಿರುದ್ಧ. ಪುಟ್ಟ ವಾದ್ಯ, ಮುಖಕ್ಕೆ ಚರ್ಮವಲ್ಲ, ತೆಳು ಮರದ ಹಲಗೆ. ತೋರುಬೆರಳಿನ ಉಗುರಿನಿಂದ ಮೀಟುವುದು. ಸದ್ದು ಎಷ್ಟು ಮೆಲ್ಲಗೆ ಅಂದರೆ ಪಕ್ಕದ ಕೋಣೆಯಲ್ಲಿ ಕೂತವರಿಗೆ ಕೇಳಿಸುವುದೇ ಕಷ್ಟ. ಸೂಫಿಗಳು ಒಬ್ಬರೇ ಕೂತು ನುಡಿಸಿಕೊಳ್ಳುತ್ತಿದ್ದ ವಾದ್ಯ ಇದು.

ಎರಡೂ ಸುಂದರ ವಾದ್ಯಗಳೇ. ಆದರೆ ಎರಡಕ್ಕೂ ಒಂದೇ ಮಿತಿ ಇದೆ. ಕೆಳಗಿನ ಸ್ಥಾಯಿ, ನಾವು ಮಂದ್ರ ಅಂತೀವಲ್ಲ, ಅದು ಸಾಲದು. ಸಾಮಾನ್ಯವಾಗಿ ಶ್ರುತಿ ಮಾಡುವ ಕ್ರಮದಲ್ಲಿ ತಾರ್‌ನ ಅತ್ಯಂತ ಕೆಳಗಿನ ಸ್ವರ ಪಿಯಾನೋದ ಮಧ್ಯದ 'ಸಿ'ಗಿಂತ ಒಂದು ಸ್ಥಾಯಿ ಕೆಳಗೆ ಬರುತ್ತದೆ. ಗಿಟಾರಿನ ದಪ್ಪ ತಂತಿ ಅದಕ್ಕಿಂತಲೂ ಎಂಟು ಅರ್ಧಸ್ವರ ಕೆಳಗಿದೆ. ಗಂಡಸರ ದಪ್ಪ ಕಂಠವೂ ತಾರ್ ನಿಂತುಬಿಡುವ ಜಾಗಕ್ಕಿಂತ ಕೆಳಗೆ ಇಳಿಯಬಲ್ಲದು. ಅಂದರೆ ಹಾಡುವವರು ಆಳಕ್ಕೆ ಇಳಿದರೆ, ಜೊತೆಗೆ ಬರಬೇಕಾದ ತಂತಿ ದಡದಲ್ಲೇ ನಿಂತುಬಿಡುತ್ತದೆ.

ಹಾಗಾದರೆ ಇರಾನಿನ ಸಂಗೀತದಲ್ಲಿ ಆ ಆಳ ಯಾವತ್ತೂ ಇರಲೇ ಇಲ್ಲವೇ? ಇತ್ತು. ಇದ್ದದ್ದು ಕಳೆದುಹೋಯಿತು.

ಬರ್ಬತ್ ಅಂತ ಒಂದು ವಾದ್ಯ. ಕತ್ತು ಗಿಡ್ಡ, ಒಡಲು ದೊಡ್ಡದು, ಪೇರಲ ಹಣ್ಣನ್ನು ಉದ್ದಕ್ಕೆ ಸೀಳಿದ ಹಾಗೆ. ಇಸ್ಲಾಂ ಬರುವುದಕ್ಕೆ ಮುಂಚಿನ ಸಸಾನಿ ಅರಸರ ಕಾಲದಲ್ಲಿ ಇದು ಆಸ್ಥಾನದ ವಾದ್ಯ. 590ರಿಂದ 628ರವರೆಗೆ ಆಳಿದ ಎರಡನೇ ಖುಸ್ರೋ ಆಸ್ಥಾನದಲ್ಲಿ ಬಾರ್ಬಾದ್ ಎಂಬ ಗಾಯಕ ಇದ್ದ. ನಮಗೆ ತಾನ್‌ಸೇನ್ ಹೇಗೋ ಇರಾನಿಯರಿಗೆ ಬಾರ್ಬಾದ್ ಹಾಗೆ. ಅವನ ಕೈಯಲ್ಲಿದ್ದದ್ದು ಬರ್ಬತ್. ಹೆಸರಿಗೆ ಒಂದು ಹಳೆಯ ವಿವರಣೆಯೂ ಇದೆ: 'ಬರ್' ಅಂದರೆ ಎದೆ, 'ಬತ್' ಅಂದರೆ ಬಾತುಕೋಳಿ. ವಾದ್ಯವನ್ನು ಬದಿಯಿಂದ ನೋಡಿದರೆ ಬಾತುಕೋಳಿಯ ಎದೆಯ ಹಾಗೇ ಕಾಣುತ್ತದೆ ಅಂತ.

ಈ ಬಳಗದ ವಾದ್ಯ ಅರಬ್ ಜಗತ್ತಿನಲ್ಲಿ ಊದ್ ಎಂಬ ಹೆಸರಿನಲ್ಲಿ ಬೆಳೆಯಿತು. ಊದ್ ಅಂದರೆ ಅರಬ್ಬಿಯಲ್ಲಿ ಮರ, ಕಟ್ಟಿಗೆ. ಇಲ್ಲೊಂದು ಸ್ವಾರಸ್ಯ ಇದೆ. ಒಂಬತ್ತು, ಹತ್ತನೇ ಶತಮಾನದ ಅರಬ್ಬಿ ಸಂಗೀತ ಗ್ರಂಥಗಳಲ್ಲಿ ಊದ್‌ನ ನಾಲ್ಕು ತಂತಿಗಳಿಗೆ ಹೆಸರಿಟ್ಟಿದ್ದಾರೆ. ನಡುವಿನ ಎರಡರ ಹೆಸರು ಅರಬ್ಬಿ. ಆದರೆ ಅತಿ ಮೇಲಿನ ತಂತಿ 'ಜೀರ್', ಅತಿ ಕೆಳಗಿನ ತಂತಿ 'ಬಮ್'. ಇವೆರಡೂ ಪರ್ಷಿಯನ್. ವಾದ್ಯ ಊರು ಬಿಟ್ಟು ಹೋದ ಮೇಲೂ ತವರಿನ ಗುರುತು ಎರಡು ತಂತಿಗಳ ಮೇಲೆ ಉಳಿದುಕೊಂಡಿತ್ತು. ಇವತ್ತಿಗೂ ಪರ್ಷಿಯನ್‌ನಲ್ಲಿ ದಪ್ಪ, ಕೆಳಗಿನ ನಾದಕ್ಕೆ 'ಬಮ್' ಅಂತಲೇ ಹೇಳುತ್ತಾರೆ.

ಅರಬರಲ್ಲಿ, ತುರ್ಕರಲ್ಲಿ ಊದ್ ಬೆಳೆಯುತ್ತಲೇ ಹೋಯಿತು. ಇರಾನಿನಲ್ಲಿ ಮಾತ್ರ ಬರಬರುತ್ತಾ ಹಿಂದೆ ಸರಿಯಿತು. ಕತ್ತು ಉದ್ದವಿರುವ ವಾದ್ಯಗಳು ಮುಂದೆ ಬಂದವು. ಹತ್ತೊಂಬತ್ತನೇ ಶತಮಾನದ ಕಜಾರ್ ಅರಸರ ಕಾಲಕ್ಕೆ ತಾರ್ ಶಾಸ್ತ್ರೀಯ ಸಂಗೀತದ ಮುಖ್ಯ ವಾದ್ಯವೇ ಆಯಿತು. ಇವತ್ತು ಇರಾನಿಯರು ಕಲಿಯುವ ಶಾಸ್ತ್ರೀಯ ಸಂಗೀತದ ಆಧಾರ 'ರದೀಫ್'. ಇನ್ನೂರೈವತ್ತಕ್ಕೂ ಹೆಚ್ಚು ಸಣ್ಣ ರಾಗಖಂಡಗಳನ್ನು ಕ್ರಮವಾಗಿ ಜೋಡಿಸಿದ ದೊಡ್ಡ ಭಂಡಾರ ಅದು. ಅದರ ಪ್ರಸಿದ್ಧ ಪಾಠವನ್ನು ಮುಂದಿನ ತಲೆಮಾರಿಗೆ ಕಲಿಸಿಕೊಟ್ಟ ಮಿರ್ಜಾ ಅಬ್ದುಲ್ಲಾ ತಾರ್, ಸೆತಾರ್ ನುಡಿಸುತ್ತಿದ್ದವರು. ಹಾಗಾಗಿ ಆ ಭಂಡಾರದ ಕೈಬೆರಳುಗಳ ನಡೆಯೇ ಈ ಎರಡು ವಾದ್ಯಗಳದ್ದು. ಇಪ್ಪತ್ತನೇ ಶತಮಾನದಲ್ಲಿ ಮನ್ಸೂರ್ ನರೀಮಾನ್‌ರಂಥವರು ಊದ್ ಅನ್ನು ಇರಾನಿನಲ್ಲಿ ಮತ್ತೆ ನೆಲೆ ನಿಲ್ಲಿಸಿದರು. 2022ರಲ್ಲಿ ಊದ್ ತಯಾರಿಸುವ, ನುಡಿಸುವ ಕಲೆಯನ್ನು ಯುನೆಸ್ಕೊ ಇರಾನ್ ಮತ್ತು ಸಿರಿಯಾ ಎರಡರ ಹೆಸರಿನಲ್ಲಿ ಪಟ್ಟಿಗೆ ಸೇರಿಸಿತು.

ಈಗ ಸಲ್ಲಾನೆಗೆ ಬರೋಣ. ಅಲಿಜಾದೆ ಅವರ ಮಾರ್ಗದರ್ಶನದಲ್ಲಿ ಇದನ್ನು ಮಾಡಿದವರು ಸಿಯಾಮಕ್ ಅಫ್ಶಾರಿ ಎಂಬ ವಾದ್ಯ ತಯಾರಕರು. ಸ್ಫೂರ್ತಿ ಆ ಹಳೆಯ ಬರ್ಬತ್. ಸ್ವರ ಹಿಡಿಯುವುದಕ್ಕೆ ಆರು ತಂತಿ. ಅದರ ಜೊತೆಗೆ, ಬೆರಳಿನಿಂದ ಮೀಟದೆ ತಾವಾಗಿಯೇ ಮಿಡಿಯಲಿ ಅಂತ ಬಿಟ್ಟ ಇನ್ನೂ ಆರು ತಂತಿ. ನಮ್ಮ ಸಿತಾರ್‌ನವರು 'ತರಬ್' ಅನ್ನುತ್ತಾರಲ್ಲ, ಅದೇ ತತ್ವ. ತಾರ್, ಸೆತಾರ್‌ಗಳಲ್ಲಿ ಈ ಏರ್ಪಾಟು ಇಲ್ಲ.

ಮುಟ್ಟದ ತಂತಿ ಹೇಗೆ ಮಿಡಿಯುತ್ತೆ? ಉಯ್ಯಾಲೆ ನೆನಪು ಮಾಡಿಕೊಳ್ಳಿ. ಅದು ಹಿಂದೆ ಬರುವ ಹೊತ್ತಿಗೆ ಸರಿಯಾಗಿ, ಬೆರಳಿನಷ್ಟು ಬಲದಲ್ಲಿ ತಳ್ಳುತ್ತಾ ಇದ್ದರೂ ಸಾಕು, ಸ್ವಲ್ಪ ಹೊತ್ತಿಗೆ ಮೇಲಕ್ಕೆ ಹೋಗುತ್ತದೆ. ಹೊತ್ತು ತಪ್ಪಿ ತಳ್ಳಿದರೆ ಎಷ್ಟು ಬಲ ಹಾಕಿದರೂ ಅಷ್ಟಕ್ಕಷ್ಟೇ. ತಂತಿಯೂ ಹಾಗೇ. ಒಂದು ಸ್ವರ ನುಡಿದಾಗ ಆ ಕಂಪನ ಕುದುರೆ ಮತ್ತು ಹಲಗೆಯ ಮೂಲಕ ಎಲ್ಲ ತಂತಿಗಳಿಗೂ ಹೋಗುತ್ತದೆ. ಅದೇ ಸ್ವರಕ್ಕೆ, ಇಲ್ಲವೇ ಅದಕ್ಕೆ ಹೊಂದುವ ಸ್ವರಕ್ಕೆ ಶ್ರುತಿ ಮಾಡಿದ ತಂತಿ ಮಾತ್ರ ಎದ್ದು ಓಗೊಡುತ್ತದೆ. ಮನೆಯಲ್ಲಿ ತಂಬೂರಿ ಇದ್ದರೆ ಮಾಡಿ ನೋಡಿ. ಷಡ್ಜದ ಒಂದು ತಂತಿಯ ಮೇಲೆ ಕಾಗದದ ಚಿಕ್ಕ ಚೂರು ಮಡಿಸಿ ಕೂರಿಸಿ, ಅದೇ ಶ್ರುತಿಯ ಪಕ್ಕದ ತಂತಿ ಮೀಟಿ. ಕಾಗದ ಕುಣಿಯುತ್ತದೆ.

ಇದರಿಂದ ಸಲ್ಲಾನೆಗೆ ಎರಡು ಲಾಭ. ಒಂದು, ದಪ್ಪ ತಂತಿಗಳು ಕೊಡುವ ಮಂದ್ರ. ಇನ್ನೊಂದು, ಮೀಟಿದ ಸ್ವರ ತಕ್ಷಣ ಸಾಯದೆ ಗಾಳಿಯಲ್ಲಿ ಸ್ವಲ್ಪ ಹೊತ್ತು ನಿಲ್ಲುತ್ತದೆ. ಗಿಡ್ಡ ಕತ್ತಿನ ವಾದ್ಯಗಳಲ್ಲಿ ಮೀಟು ತುಂಬಿ ಬರುತ್ತೆ, ಆದರೆ ಬೇಗ ಆರಿಹೋಗುತ್ತೆ. ಇಲ್ಲಿ ಆರು ತಂತಿಗಳು ಹಿಂದೆ ನಿಂತು ಅದನ್ನು ಹಿಡಿದುಕೊಳ್ಳುತ್ತವೆ. ನನಗೆ ಮೊದಲು ಸರೋದ್, ಆಮೇಲೆ ಸಿತಾರ್ ಅನ್ನಿಸಿದ್ದು ಯಾಕೆ ಅಂತ ಈಗ ಅರ್ಥವಾಗಿರಬಹುದು.

ಆದರೆ ಇದು ಬರೀ ಲಾಭದ ವ್ಯವಹಾರ ಅಲ್ಲ. ನಮ್ಮಲ್ಲಿ ಸಿತಾರ್ ವಾದಕರು ಯಮನ್ ನುಡಿಸುವುದಾದರೆ ತರಬ್ ತಂತಿಗಳನ್ನೆಲ್ಲ ಯಮನ್‌ನ ಸ್ವರಗಳಿಗೆ ಕೂಡಿಸಿಕೊಂಡು ಕೂತುಬಿಡುತ್ತಾರೆ. ಒಂದು ಗಂಟೆಯಾದರೂ ರಾಗ ಬದಲಾಗುವುದಿಲ್ಲ. ಇರಾನಿ ಸಂಗೀತದಲ್ಲಿ ಹಾಗಲ್ಲ. ಒಂದು 'ದಸ್ತ್‌ಗಾಹ್' ಒಳಗೇ ಕಲಾವಿದ ಒಂದು ಖಂಡದಿಂದ ಇನ್ನೊಂದಕ್ಕೆ ಹೋದಾಗ ಕೆಲವು ಸ್ವರಗಳೇ ಬದಲಾಗುತ್ತವೆ, ಕಾಲು ಸ್ವರದಷ್ಟು ಏರುತ್ತವೆ, ಇಳಿಯುತ್ತವೆ. ಆಗ ಮೊದಲು ಕೂಡಿಸಿಟ್ಟ ತಂತಿಗಳಲ್ಲಿ ಕೆಲವು ಸುಮ್ಮನಾಗುತ್ತವೆ, ಇನ್ನು ಕೆಲವು ಹಳೆಯ ಸ್ವರವನ್ನೇ ನೆನಪಿಸುತ್ತಾ ಕೂರುತ್ತವೆ. ಹಾಗಾಗಿ ಆ ಆರು ತಂತಿಗಳನ್ನು ಎಲ್ಲಿ ಇಡುವುದು ಅನ್ನುವುದು ಬರೀ ಶ್ರುತಿಯ ಪ್ರಶ್ನೆಯಲ್ಲ. ಇವತ್ತು ಎಲ್ಲಿಂದ ಎಲ್ಲಿಗೆ ಹೋಗುತ್ತೇನೆ ಅಂತ ಮೊದಲೇ ಯೋಚಿಸಬೇಕಾದ ಪ್ರಶ್ನೆ. ಹೊಸ ವಾದ್ಯ ಬಂದರೆ ಸಂಗೀತವೂ ಸ್ವಲ್ಪ ಬದಲಾಗಬೇಕಾಗುತ್ತೆ ಅನ್ನುವುದು ಇದೇ ಕಾರಣಕ್ಕೆ.

ಅಲಿಜಾದೆ ಅವರಿಗೆ ಇಂಥ ಕೆಲಸ ಹೊಸದೂ ಅಲ್ಲ. 'ದಾದ್' ಮತ್ತು 'ಬಿದಾದ್' ಅಂತ ರದೀಫ್‌ನಲ್ಲಿ ಎರಡು ಬೇರೆ ಬೇರೆ ದಸ್ತ್‌ಗಾಹ್‌ಗಳ ಹಳೆಯ ಖಂಡಗಳಿವೆ. ಅವೆರಡನ್ನೂ ಸೇರಿಸಿ 'ದಾದ್-ಓ-ಬಿದಾದ್' ಎಂಬ ಹೊಸ ರಾಗರೂಪ ಕಟ್ಟಿದವರು ಅವರು. ಸಲ್ಲಾನೆಯಲ್ಲದೆ 'ಶೂರಂಗೀಜ್' ಎಂಬ ಇನ್ನೊಂದು ಹೊಸ ವಾದ್ಯದ ಹಿಂದೆಯೂ ಅವರಿದ್ದಾರೆ. ಹಳೆಯದನ್ನು ಒಡೆಯದೆ ಅದರ ಎರಡು ತುಂಡುಗಳ ನಡುವೆ ಹೊಸ ಜಾಗ ಹುಡುಕುವುದು ಅವರ ರೀತಿ.

ಈಗ ಒಂದು ಆಕ್ಷೇಪ ಬಂದೇ ಬರುತ್ತದೆ. ಪರಂಪರೆಗೆ ಕೈ ಹಾಕಬಹುದಾ? ಇರುವ ವಾದ್ಯ ಸಾಕಾಗಲ್ವಾ? ಈ ಮಾತು ನಮ್ಮಲ್ಲೂ ಕೇಳಿದ್ದೇವೆ. ಆದರೆ 'ಇರುವ ವಾದ್ಯ' ಹೇಗೆ ಬಂತು ಅಂತ ಒಮ್ಮೆ ನೋಡಿ.

ಸೆತಾರ್ ಅಂದರೆ ಮೂರು ತಂತಿ. 'ಸೆ' ಅಂದರೆ ಮೂರು. ಆದರೆ ಇವತ್ತಿನ ಸೆತಾರ್‌ನಲ್ಲಿ ಎಣಿಸಿದರೆ ನಾಲ್ಕು ತಂತಿ ಇವೆ! ನಾಲ್ಕನೆಯದನ್ನು ಸೇರಿಸಿದವನು ಮುಶ್ತಾಕ್ ಅಲಿ ಶಾ ಎಂಬ ದರ್ವೇಶಿ ಎಂದು ಸಂಗೀತಗಾರರು ಹೇಳುತ್ತಾರೆ. ಆ ತಂತಿಗೆ ಇವತ್ತಿಗೂ ಮುಶ್ತಾಕ್ ಅಂತಲೇ ಹೆಸರು. ಹದಿನೆಂಟನೇ ಶತಮಾನದ ಕೊನೆಯಲ್ಲಿ ಕೆರ್ಮಾನ್ ನಗರದಲ್ಲಿ ಗುಂಪೊಂದು ಅವನನ್ನು ಕಲ್ಲು ಹೊಡೆದು ಕೊಂದಿತು. ಸೆತಾರ್ ನುಡಿಸುತ್ತಾ ಕುರ್‌ಆನ್ ಪಠಿಸಿದ ಎಂಬುದು ಅವನ ಮೇಲಿನ ಆರೋಪ. ಅವನ ಸಮಾಧಿ ಮುಶ್ತಾಕಿಯೆ ಈಗಲೂ ಕೆರ್ಮಾನ್‌ನಲ್ಲಿದೆ, ಜನ ಹೋಗಿ ನೋಡುತ್ತಾರೆ. ಇವತ್ತು ಯಾರಾದರೂ ಆ ನಾಲ್ಕನೇ ತಂತಿ ತೆಗೆದುಬಿಡಿ ಅಂದರೆ, ಅದೇ ಪರಂಪರೆಯ ಮೇಲಿನ ದಾಳಿ ಅನ್ನಿಸಿಕೊಳ್ಳುತ್ತದೆ.

ತಾರ್ ಕತೆಯೂ ಹಾಗೇ. ಅದಕ್ಕೆ ಮೊದಲು ಐದೇ ತಂತಿ. ಆರನೆಯದನ್ನು ಸೇರಿಸಿದ ಹೆಗ್ಗಳಿಕೆ ದರ್ವಿಶ್ ಖಾನ್ ಅವರದ್ದು. 1926ರಲ್ಲಿ ತೆಹ್ರಾನ್ ಬೀದಿಯಲ್ಲಿ ಅವರು ಕೂತಿದ್ದ ಕುದುರೆಗಾಡಿಗೆ ಮೋಟಾರು ಕಾರು ಗುದ್ದಿ ತೀರಿಕೊಂಡರು. ಅವರ ನಂತರ ಅಲಿನಕಿ ವಜೀರಿ ತಾರ್‌ನಲ್ಲೇ ಚಿಕ್ಕದು, ದೊಡ್ಡದು ಅಂತ ಬೇರೆ ಬೇರೆ ಗಾತ್ರಗಳನ್ನು ಮಾಡಿಸಿ ನೋಡಿದರು. ಮಂದ್ರದ ಕೊರತೆ ಅವರನ್ನೂ ಕಾಡಿತ್ತು ಅಂತ ಅದರಿಂದಲೇ ಗೊತ್ತಾಗುತ್ತದೆ. ಹಾಗಾಗಿ ಸಲ್ಲಾನೆಯನ್ನು ಪರಂಪರೆಯಿಂದ ಆಚೆ ನಿಂತ ವಾದ್ಯ ಅಂತ ನಾನು ನೋಡುವುದಿಲ್ಲ. ಇನ್ನೂರು ವರ್ಷಗಳಿಂದ ಒಂದೊಂದೇ ತಂತಿ ಸೇರಿಸುತ್ತಾ ಬಂದವರ ಸಾಲಿನಲ್ಲಿ ಇದೂ ಒಂದು.

ನಮ್ಮ ಕಡೆಗೂ ಈ ಸಾಲಿನ ಒಂದು ಎಳೆ ಬಂದಿದೆ. ನಾವು ತಂಬೂರಿ ಅನ್ನುವ ಪದಕ್ಕೂ ಪರ್ಷಿಯನ್‌ನ 'ತಂಬೂರ್'ಗೂ ನಂಟಿದೆ. ಸಿತಾರ್ ಹೆಸರು ಬಂದದ್ದು ಸೆತಾರ್‌ನಿಂದ. ವಿಜಯಪುರದಲ್ಲಿ 1580ರಿಂದ 1627ರವರೆಗೆ ಆಳಿದ ಎರಡನೇ ಇಬ್ರಾಹಿಂ ಆದಿಲ್ ಶಾ ತನ್ನ ತಂಬೂರಿಗೆ 'ಮೋತಿ ಖಾನ್' ಅಂತ ಹೆಸರಿಟ್ಟು ಮನುಷ್ಯರಂತೆ ನೋಡಿಕೊಂಡಿದ್ದ. ಪರ್ಷಿಯನ್ ಕವಿ ಜುಹೂರಿ ಅವನ ಆಸ್ಥಾನದಲ್ಲಿದ್ದ. ಮುಂದೆ ಧಾರವಾಡದಲ್ಲಿ ನೆಲೆಸಿದ ಸಿತಾರ್ ರತ್ನ ರಹಿಮತ್ ಖಾನ್ ಸಿತಾರ್‌ನ ತಂತಿ ಜೋಡಣೆಯನ್ನೇ ಬದಲಿಸಿ, ಮಂದ್ರದ ತಂತಿಗಳನ್ನು ತಂದವರು ಎಂದು ಹೆಸರಾದರು. ಅಲಿಜಾದೆ ಹುಡುಕಿದ್ದನ್ನೇ ಇವರೂ ಹುಡುಕಿದ್ದರು. ಒಂದು ದೊಡ್ಡ ವ್ಯತ್ಯಾಸ ಇದೆ. ರಹಿಮತ್ ಖಾನ್ ಕಲಿಸಿದರು. ಮನೆಯಲ್ಲಿ ಮಕ್ಕಳು, ಮೊಮ್ಮಕ್ಕಳು ಕಲಿತರು; ಬಾಲೇಖಾನ್ ಅವರನ್ನು ನಮ್ಮಲ್ಲಿ ಎಷ್ಟೋ ಜನ ಎದುರಿಗೇ ಕೂತು ಕೇಳಿದ್ದಾರೆ. ಹಾಗಾಗಿ ಆ ಬದಲಾವಣೆ ಇವತ್ತು ಯಾರಿಗೂ ಬದಲಾವಣೆ ಅನ್ನಿಸುವುದೇ ಇಲ್ಲ.

ಸಲ್ಲಾನೆಯ ನಿಜವಾದ ಕಷ್ಟ ಇರುವುದು ಇಲ್ಲೇ. ವಾದ್ಯ ಬದುಕಬೇಕಾದರೆ ಅದನ್ನು ಮಾಡಿದರಷ್ಟೇ ಸಾಲದು. ಮಾಡುವವರು ಒಬ್ಬರಿಗಿಂತ ಹೆಚ್ಚು ಬೇಕು. ಕಲಿಯುವ ಹುಡುಗ, ಹುಡುಗಿಯರು ಬೇಕು. ಆ ವಾದ್ಯಕ್ಕೇ ಅಂತ ಕಟ್ಟಿದ ಕೃತಿಗಳು ಬೇಕು. ಮತ್ತೆ, ಜನರಿಗೆ ಅದು ಕಣ್ಣಿಗೆ ಕಾಣಬೇಕು.

ಕಣ್ಣಿಗೆ ಕಾಣಬೇಕು ಅಂತ ಯಾಕೆ ಒತ್ತಿ ಹೇಳ್ತಿದೀನಿ ಅಂದರೆ, 1979ರ ಕ್ರಾಂತಿಯ ನಂತರದ ಇರಾನಿನಲ್ಲಿ ಸರ್ಕಾರಿ ಟೀವಿ ಸಂಗೀತ ಕೇಳಿಸುತ್ತದೆ, ಆದರೆ ವಾದ್ಯಗಳನ್ನು ಸಾಮಾನ್ಯವಾಗಿ ತೋರಿಸುವುದಿಲ್ಲ. ತಾರ್ ನುಡಿಯುತ್ತಾ ಇರುತ್ತದೆ, ಪರದೆಯ ಮೇಲೆ ಹೂವು, ಜಲಪಾತ, ಗುಡ್ಡ ಕಾಣುತ್ತಿರುತ್ತವೆ. ಕಲಾವಿದರು ಇದನ್ನು ಪ್ರತಿಭಟಿಸುತ್ತಲೇ ಬಂದಿದ್ದಾರೆ. ತಾರ್‌ನಂಥ ಹಳೆಯ ವಾದ್ಯಕ್ಕೆ ಇದರಿಂದ ಅವಮಾನ ಆಗಬಹುದು, ಆದರೆ ಅದು ಮನೆಮನೆಯಲ್ಲಿ ಇದೆ, ಮಕ್ಕಳು ಹೇಗೂ ನೋಡುತ್ತಾರೆ. ಹೊಸ ವಾದ್ಯದ ಗತಿ ಏನು? ಅದರ ಆಕಾರವನ್ನೇ ನೋಡದ ಮಗು ಅದನ್ನು ಕಲಿಸಿ ಅಂತ ಯಾರನ್ನು ಕೇಳಬೇಕು?

ಹೀಗಿದ್ದೂ ಅಲ್ಲಿನವರು ಹೊಸ ವಾದ್ಯ ಮಾಡುವುದನ್ನು ಬಿಟ್ಟಿಲ್ಲ. ಇರಾನಿನ ಮಹಾ ಗಾಯಕ ಮೊಹಮ್ಮದ್ ರೆಜಾ ಶಜರಿಯಾನ್ ತಾವೇ ಹತ್ತಕ್ಕೂ ಹೆಚ್ಚು ವಾದ್ಯಗಳನ್ನು ರೂಪಿಸಿ, 2011ರಲ್ಲಿ ತೆಹ್ರಾನ್‌ನಲ್ಲಿ ಪ್ರದರ್ಶನ ಇಟ್ಟರು. 2009ರ ಚುನಾವಣೆಯ ನಂತರದ ಪ್ರತಿಭಟನೆಗಳಲ್ಲಿ ಜನರ ಪರ ನಿಂತು, ತಮ್ಮ ಹಾಡು ಪ್ರಸಾರ ಮಾಡಬೇಡಿ ಅಂತ ಸರ್ಕಾರಿ ಪ್ರಸಾರ ಸಂಸ್ಥೆಗೇ ಹೇಳಿದವರು ಅವರು. ಆಮೇಲೆ ತವರಿನಲ್ಲಿ ಕಚೇರಿಗೆ ಅವಕಾಶ ಸಿಗಲಿಲ್ಲ. 2020ರ ಅಕ್ಟೋಬರ್‌ನಲ್ಲಿ ತೀರಿಕೊಂಡರು. ಹಾಡಲು ವೇದಿಕೆ ಇಲ್ಲದ ವರ್ಷಗಳಲ್ಲಿ ಒಬ್ಬ ಗಾಯಕ ಮರ, ಚರ್ಮ, ತಂತಿ ಇಟ್ಟುಕೊಂಡು ಮುಂದಿನವರಿಗೆ ವಾದ್ಯ ಮಾಡುತ್ತಿದ್ದ ಅನ್ನುವುದನ್ನು ಓದಿದಾಗ ನಾನು ಸ್ವಲ್ಪ ಹೊತ್ತು ಸುಮ್ಮನೆ ಕೂತಿದ್ದೆ.

ಸಲ್ಲಾನೆ ಮುಂದೆ ತಾರ್‌ನ ಪಕ್ಕದಲ್ಲಿ ಕೂರುತ್ತಾ, ಇಲ್ಲ ಅಲಿಜಾದೆ ಅವರ ಹೆಸರಿನ ಜೊತೆಗೇ ಉಳಿದುಬಿಡುತ್ತಾ ಅನ್ನುವುದು ಅದನ್ನು ಕಲಿಯುವವರ ಕೈಯಲ್ಲಿದೆ. ನಮ್ಮ ನಿಮ್ಮ ಕೈಯಲ್ಲಿರುವುದು ಕೇಳುವುದಷ್ಟೇ. ಕೇಳುವಾಗ ಒಂದು ಕೆಲಸ ಮಾಡಿ. ಮೊದಲು ಅಲಿಜಾದೆ ನುಡಿಸಿದ ಸೆತಾರ್ ಕೇಳಿ, ಒಂದು ಹತ್ತು ನಿಮಿಷ. ಆಮೇಲೆ ಅವರದೇ ಸಲ್ಲಾನೆ ಕೇಳಿ. ಫೋನಿನ ಸ್ಪೀಕರ್ ಬೇಡ, ಕೆಳಗಿನ ನಾದ ಅದರಲ್ಲಿ ಸರಿಯಾಗಿ ಬರುವುದಿಲ್ಲ, ಇಯರ್‌ಫೋನ್ ಹಾಕಿಕೊಳ್ಳಿ. ಕೈ ಒಂದೇ, ಮನಸ್ಸು ಒಂದೇ, ಆದರೆ ಎರಡನೆಯದರಲ್ಲಿ ಸ್ವರ ಇಳಿಯುವುದಕ್ಕೆ ಇನ್ನೂ ನಾಲ್ಕು ಮೆಟ್ಟಿಲು ಸಿಕ್ಕಿರುವುದು ನಿಮಗೇ ಗೊತ್ತಾಗುತ್ತದೆ.

ನಿಮ್ಮೂರಲ್ಲಿ ಯಾರಾದರೂ ಹಳೆಯ ವಾದ್ಯಕ್ಕೆ ಹೊಸ ತಂತಿಯನ್ನೋ ಹೊಸ ಬುರುಡೆಯನ್ನೋ ಸೇರಿಸಿ ನುಡಿಸುತ್ತಿದ್ದರೆ ನಮಗೆ ಬರೆದು ತಿಳಿಸಿ. ಅಂಥವರ ಬಗ್ಗೆಯೂ ಮಾತಾಡೋಣ.